ಶ್ರೀರಂಗಪಟ್ಟಣದ ಸ್ವಪ್ನಪುಸ್ತಕವೂ ಬೆಂಗಳೂರಿನ ನಿದ್ರಾಪ್ರಯೋಗಶಾಲೆಯೂ

1799ರ ಮೇ 4ರಂದು ಶ್ರೀರಂಗಪಟ್ಟಣದ ಕೋಟೆಯು ಬಿದ್ದಿತು. ಅನಂತರ ಅರಮನೆಯ ಕಾಗದಪತ್ರಗಳನ್ನು ಶೋಧಿಸುತ್ತಿದ್ದ ಕರ್ನಲ್ ವಿಲಿಯಂ ಕರ್ಕ್‌ಪ್ಯಾಟ್ರಿಕ್ಕನಿಗೆ, ಬರೆಯುವ ಮೇಜೊಂದರಲ್ಲಿ, ಇತರ ಗುಪ್ತಪತ್ರಗಳ ನಡುವೆ ಒಂದು ಪುಸ್ತಕವು ದೊರೆಯಿತು. ಟಿಪ್ಪೂ ಸುಲ್ತಾನನು ತಾನು ಕಂಡ ಕನಸುಗಳನ್ನು ಪಾರಸಿ ಭಾಷೆಯಲ್ಲಿ, ತನ್ನ ಕೈಯಿಂದಲೇ ಅದರಲ್ಲಿ ಬರೆದಿಟ್ಟಿದ್ದನು. ಅಂಥದೊಂದು ಪುಸ್ತಕವಿರುವುದು ಹಬೀಬುಲ್ಲಾ ಎಂಬ ಆಪ್ತನಿಗೆ ಗೊತ್ತಿದ್ದರೂ ಅವನು ಅದನ್ನು ಕಣ್ಣಾರೆ ಕಂಡಿರಲಿಲ್ಲ. ಯಾರಾದರೂ ಸಮೀಪಕ್ಕೆ ಬಂದರೆ ಸುಲ್ತಾನನು ಅದನ್ನು ಮರೆಮಾಡುತ್ತಿದ್ದನಂತೆ. ಈಗ ಅದು ಲಂಡನ್ನಿನ ಬ್ರಿಟಿಷ್ ಲೈಬ್ರರಿಯಲ್ಲಿದೆ. ಗಿರೀಶ ಕಾರ್ನಾಡರು ಅದನ್ನು ಆಧರಿಸಿ ಒಂದು ನಾಟಕವನ್ನೇ ರಚಿಸಿದರು.

ಅದರಲ್ಲಿರುವ ಕನಸುಗಳು 37. ಚರಿತ್ರಕಾರರಿಗೆ ಅವು ಯುದ್ಧ, ರಾಜನೀತಿಗಳ ದೃಷ್ಟಿಯಿಂದ ಮುಖ್ಯವಾಗಿರಬಹುದು. ವಿಜ್ಞಾನದ ವಿದ್ಯಾರ್ಥಿಗೆ ಹಿಡಿಸುವುದು ಅವುಗಳನ್ನು ಬರೆದ ಕ್ರಮ. ತಾನೇ ಏರ್ಪಡಿಸಿದ ಪಂಚಾಂಗದ ಪ್ರಕಾರ ತಿಂಗಳು ದಿನಗಳನ್ನು ಗುರುತಿಸಿ, ಕಂಡುದನ್ನು ಮೊದಲು ಹೇಳಿ, ಅದರ ಅರ್ಥವನ್ನು ಬೇರೆಯಾಗಿ ಬರೆಯುವ ಪದ್ಧತಿಯು ಅಲ್ಲಿ ಕಾಣುತ್ತದೆ. ದಾಖಲೆ ಹೀಗಿದ್ದರೆ ಅದನ್ನು ಪರೀಕ್ಷಿಸಬಹುದು.

ಒಂದು ಕನಸನ್ನು ಪರೀಕ್ಷಿಸಿಯೇ ನೋಡೋಣ. ಮೂರು ಬೆಳ್ಳಿಯ ಹರಿವಾಣಗಳಲ್ಲಿ ಗೇಣುದ್ದದ, ರಸಭರಿತವಾದ ಹಸಿ ಖರ್ಜೂರಗಳನ್ನು ಯಾರೋ ತಂದು ಮುಂದಿಟ್ಟಂತೆ ಸುಲ್ತಾನನಿಗೆ ತೋರಿತು, ಎಚ್ಚರವಾದಾಗ ಬೆಳಗಾಗಿತ್ತು. ತನ್ನ ಮೂವರು ಶತ್ರುಗಳ ರಾಜ್ಯಗಳೂ ಕೈಸೇರುವುವೆಂದು ಅವನು ಅರ್ಥಮಾಡಿದನು. ಮರುದಿನವೇ ಹೈದರಾಬಾದಿನ ನಿಜಾಮ್ ಅಲಿಯು ಸತ್ತನೆಂಬ ಸುದ್ದಿ ಬಂದಿತೆಂದೂ ಬರೆದನು. ಕನಸು ಫಲಿಸಿತೆನ್ನಲು ಇನ್ನೇನು ಬೇಕು? ಆದರೆ ಆ ಸುದ್ದಿಯೇ ಸುಳ್ಳು. ನಿಜಾಮ್ ಅಲಿಯು ತೀರಿಕೊಂಡದ್ದು 1803ರಲ್ಲಿ. ಅಷ್ಟರಲ್ಲಿ ಟಿಪ್ಪುವು ಮಡಿದು ನಾಲ್ಕು ವರ್ಷಗಳಾಗಿದ್ದುವು. ಬರೆದಿಡದೆ ಹೋಗಿದ್ದರೆ ಈ ಕನಸೂ ‘ನಿಜವಾದ ಕನಸು’ಗಳ ಸಾಲಿನಲ್ಲಿ ಸೇರಿಹೋಗುತ್ತಿತ್ತು. ನಮ್ಮ ಮನೆಗಳಲ್ಲಿ ಹೇಳುವ ಫಲಿಸಿದ ಕನಸುಗಳ ಹಿಂದೆ ಫಲಿಸದೆ ಮರೆತುಹೋದವು ಎಷ್ಟಿರುವುವೋ, ಯಾರೂ ಲೆಕ್ಕವಿಟ್ಟಿಲ್ಲ.

ಈ ಸೀಮೆಯಲ್ಲಿ ಕನಸಿನ ಗೌರವ ಸಾಮಾನ್ಯವಾದುದಲ್ಲ. ತೊಣ್ಣೂರಿನಲ್ಲಿದ್ದ ರಾಮಾನುಜಾಚಾರ್ಯರಿಗೆ ಚೆಲುವನಾರಾಯಣನು ಸ್ವಪ್ನದಲ್ಲಿ ಕಾಣಿಸಿ ಮೇಲುಕೋಟೆಯಲ್ಲಿ ತಾನಿರುವ ಎಡೆಯನ್ನು ತೋರಿದನೆಂಬುದು ಸ್ಥಳಪುರಾಣ. ಎರಡು ಊರುಗಳೂ ಇಂದಿನ ಪಾಂಡವಪುರ ತಾಲ್ಲೂಕಿನವು. ನಾಗಮಂಗಲದ ಕಡೆಯ ವಿದ್ಯಾರ್ಥಿಯೊಬ್ಬನು ತರಗತಿಯಲ್ಲಿ ನನ್ನನ್ನು ಕೇಳಿದನು: “ಬೆಳಗಿನ ಜಾವದ ಕನಸು ನಿಜವಾಗುತ್ತದೆಯೆಂದು ಅಜ್ಜಿ ಹೇಳುತ್ತಾರೆ. ಬೆಳಗಿನ ಜಾವವೇ ಏಕೆ, ಸಾರ್?” ನಿಜವಾಗುತ್ತದೆಯೇ ಎಂಬುದಕ್ಕಿಂತ ಈ ಪ್ರಶ್ನೆಯು ಉತ್ತಮವಾದುದು.

ಉತ್ತರಕ್ಕೆ ಸ್ವಲ್ಪ ಭೌತಶಾಸ್ತ್ರ ಬೇಕು. ಮೆದುಳಿನ ನರಕೋಶಗಳ ವಿದ್ಯುದ್ವ್ಯಾಪಾರವನ್ನು ನೆತ್ತಿಯ ಮೇಲಿನ ಲೋಹದ ಬಿಲ್ಲೆಗಳಿಂದ ಅಳೆಯಬಹುದೆಂದು ಜರ್ಮನಿಯ ಹಾನ್ಸ್ ಬರ್ಗರನು 1929ರಲ್ಲಿ ಪ್ರಕಟಿಸಿದನು. ಅಲ್ಲಿ ದೊರೆಯುವುದು ಸುಮಾರು 50 ಮೈಕ್ರೋವೋಲ್ಟ್. ಟಾರ್ಚಿನ ಒಂದೂವರೆ ವೋಲ್ಟಿನ ಸೆಲ್ಲಿನ ಮೂವತ್ತು ಸಾವಿರದಲ್ಲಿ ಒಂದು ಪಾಲು! ಕಣ್ಣುಗುಡ್ಡೆಯಾದರೋ ತಾನೇ ಒಂದು ಪುಟ್ಟ ವಿದ್ಯುತ್ಕೋಶ. ಅದರ ಮುಂಭಾಗವು ಹಿಂಭಾಗಕ್ಕಿಂತ ಧನ ವಿಭವದಲ್ಲಿರುವುದರಿಂದ, ಮುಚ್ಚಿದ ರೆಪ್ಪೆಯೊಳಗೆ ಅದು ಹೊರಳಿದರೂ ಪಕ್ಕದ ಬಿಲ್ಲೆಯಲ್ಲಿ ಗುರುತು ಬೀಳುತ್ತದೆ. ಷಿಕಾಗೋದಲ್ಲಿ ಯೂಜೀನ್ ಅಸೆರಿನ್‌ಸ್ಕಿಯು ತನ್ನ ಎಂಟು ವರ್ಷದ ಮಗನನ್ನೇ ಹೀಗೆ ಮಲಗಿಸಿ ನೋಡಿದಾಗ, ನಿದ್ರೆಯ ನಡುವೆ ಕಣ್ಣುಗಳು ಎಚ್ಚರವಿದ್ದಂತೆ ಚುರುಕಾಗಿ ಓಡಾಡಿದುವು. ಯಂತ್ರವೇ ಕೆಟ್ಟಿದೆಯೆಂದು ಮೊದಲು ಶಂಕಿಸಿದನಂತೆ! ಅವನೂ ಅವನ ಗುರು ಕ್ಲೀಟ್‌ಮನ್ನನೂ 1953ರಲ್ಲಿ ಇದನ್ನು ಪ್ರಕಟಿಸಿದರು. 1957ರಲ್ಲಿ ಡಿಮೆಂಟ್ ಮತ್ತು ಕ್ಲೀಟ್‌ಮನ್ನರು ಈ ಚಲನೇತ್ರ ನಿದ್ರೆಯಿಂದ 191 ಸಲ ಎಬ್ಬಿಸಿ ಕೇಳಿದಾಗ 152 ಸಲ ಕನಸಿನ ವರದಿ ಬಂದಿತು; ಉಳಿದ ನಿದ್ರೆಯಿಂದ 160 ಸಲ ಎಬ್ಬಿಸಿದರೆ ಕೇವಲ 11 ಸಲ. ಆ ಉಳಿದ ನಿದ್ರೆಯಲ್ಲಿಯೂ ಕನಸು ಸಾಕಷ್ಟುಂಟೆಂದು ಮುಂದಿನ ಸಂಶೋಧನೆಗಳು ತೋರಿಸಿದುವು. ಆದರೂ ದೀರ್ಘವಾದ, ಕಥೆಯಂಥ ಕನಸುಗಳಿಗೆ ಚಲನೇತ್ರ ನಿದ್ರೆಯೇ ಮುಖ್ಯವಾದ ನೆಲೆ.

ಈ ನಿದ್ರೆಯು ಸುಮಾರು ತೊಂಬತ್ತು ನಿಮಿಷಗಳಿಗೊಮ್ಮೆ ಮರಳುತ್ತದೆ. ಮೊದಲ ಸಲ ಕೆಲವೇ ನಿಮಿಷಗಳಿದ್ದು, ರಾತ್ರಿ ಕಳೆದಂತೆ ಉದ್ದವಾಗುತ್ತದೆ. ಬೆಳಗಿನ ಜಾವಕ್ಕೆ ಅದರ ಪಾಲು ಅತ್ಯಧಿಕ. ಅದರ ನಡುವೆಯೇ ಎಚ್ಚರವಾಗುವುದರಿಂದ ಕನಸು ನೆನಪಿನಲ್ಲಿಯೂ ಉಳಿಯುತ್ತದೆ. ಅಜ್ಜಿಯ ಗಮನವು ಸರಿ, ನಿರ್ಣಯವು ಮಾತ್ರ ತಪ್ಪು. ಕೆ.ಆರ್. ಪೇಟೆಯ ಬಯಲಿನಲ್ಲಿ ನಡುರಾತ್ರಿ ಕಳೆದು ಪಂಪಿಗೆ ವಿದ್ಯುತ್ ಬಂದೊಡನೆ ಎದ್ದು ಗದ್ದೆಗೆ ನೀರು ಕಟ್ಟುವ ರೈತನು ಕಳೆದುಕೊಳ್ಳುವುದು ಹೆಚ್ಚಾಗಿ ಈ ಪಾಲನ್ನೇ. ಅದು ತಪ್ಪಿದರೆ ಮುಂದಿನ ರಾತ್ರಿಗಳಲ್ಲಿ ದೇಹವು ಅದನ್ನು ಹೆಚ್ಚಾಗಿ ವಸೂಲುಮಾಡಿಕೊಳ್ಳುತ್ತದೆಂದು ಡಿಮೆಂಟನು 1960ರಲ್ಲಿ ತೋರಿಸಿದನು.

ಇಂಥ ಅಧ್ಯಯನಕ್ಕೆ ನಾವು ದೂರದೇಶಕ್ಕೇ ಹೋಗಬೇಕಾಗಿಲ್ಲ. 1954ರಲ್ಲಿ ಡಾ. ಎಂ. ವಿ. ಗೋವಿಂದಸ್ವಾಮಿಯವರ ನೇತೃತ್ವದಲ್ಲಿ ಬೆಂಗಳೂರಿನಲ್ಲಿ ಆರಂಭವಾದ ಅಖಿಲ ಭಾರತ ಮಾನಸಿಕ ಆರೋಗ್ಯ ಸಂಸ್ಥೆಯು 1974ರಲ್ಲಿ ಅಲ್ಲಿಯ ಮಾನಸಿಕ ಆಸ್ಪತ್ರೆಯೊಡನೆ ಒಂದಾಗಿ ನಿಮ್ಹಾನ್ಸ್ ಆಯಿತು. ಅದರ ನರಶರೀರಕ್ರಿಯಾ ವಿಭಾಗದವರು ಧ್ಯಾನಾಭ್ಯಾಸಿಗಳನ್ನು ಇಡೀ ರಾತ್ರಿ ಪ್ರಯೋಗಶಾಲೆಯಲ್ಲಿ ಮಲಗಿಸಿ ಮೆದುಳು, ಕಣ್ಣು, ಸ್ನಾಯುಗಳ ವಿದ್ಯುಲ್ಲೇಖಗಳನ್ನು ಪಡೆದರು. ವಯಸ್ಸಾದಂತೆ ಗಾಢನಿದ್ರೆಯು ಕುಗ್ಗುವುದು ಸಹಜ. ವಿಪಶ್ಯನ ಧ್ಯಾನಿಗಳಲ್ಲಿ ಅದು ನಡುವಯಸ್ಸಿನಲ್ಲಿಯೂ ಚೆನ್ನಾಗಿ ಉಳಿದಿತ್ತೆಂದೂ, ಚಲನೇತ್ರ ನಿದ್ರೆಯೂ ಇತರರಿಗಿಂತ ಅಧಿಕವಾಗಿತ್ತೆಂದೂ 2006 ಮತ್ತು 2010ರಲ್ಲಿ ಪ್ರಕಟವಾದ ಅವರ ಲೇಖನಗಳು ಹೇಳುತ್ತವೆ. ಜಾಗೃತ್, ಸ್ವಪ್ನ, ಸುಷುಪ್ತಿಗಳೆಂದು ಮಾಂಡೂಕ್ಯೋಪನಿಷತ್ತು ವಿಂಗಡಿಸಿದ ಅವಸ್ಥೆಗಳು ಇಲ್ಲಿ ರೇಖೆಗಳಾಗಿ ಕಾಗದದ ಮೇಲೆ ಬರುತ್ತವೆ. ನಾಲ್ಕನೆಯದಾದ ತುರೀಯಕ್ಕೆ ಮಾತ್ರ ಯಾವ ಬಿಲ್ಲೆಯನ್ನು ಎಲ್ಲಿ ಅಂಟಿಸಬೇಕೋ ಗೊತ್ತಿಲ್ಲ.

ಫಲಿತಾಂಶವನ್ನು ಅವಸರದಿಂದ ಹಿಗ್ಗಿಸಬಾರದು. ಧ್ಯಾನವು ಒಳ್ಳೆಯ ನಿದ್ರೆಯನ್ನು ತಂದಿತೋ, ಅಥವಾ ಮೊದಲೇ ಒಳ್ಳೆಯ ನಿದ್ರೆಯುಳ್ಳವರೇ ಧ್ಯಾನದಲ್ಲಿ ನೆಲೆನಿಂತರೋ? ಎರಡು ಗುಂಪುಗಳನ್ನು ಒಂದೇ ಕಾಲದಲ್ಲಿ ಹೋಲಿಸುವುದರಿಂದ ಇದು ತೀರ್ಮಾನವಾಗದು. ಅದೇ ಜನರನ್ನು ಅಭ್ಯಾಸಕ್ಕೆ ಮುಂಚೆಯೂ, ವರ್ಷಗಳು ಕಳೆದ ಮೇಲೂ ಮಲಗಿಸಿ ಅಳೆಯಬೇಕು.

ಕನಸುಗಾರನ ಬಾಯಿಮಾತನ್ನೇ ನಂಬಬೇಕಾದ ತೊಡಕು ಮಾತ್ರ ಸ್ವಲ್ಪ ಸಡಿಲವಾಗಿದೆ. ಕನಸಿನೊಳಗಿದ್ದೇ ತಾನು ಕನಸು ಕಾಣುತ್ತಿರುವೆನೆಂದು ಅರಿಯಬಲ್ಲವರು ಕೆಲವರುಂಟು. 1975ರಲ್ಲಿ ಇಂಗ್ಲೆಂಡಿನ ಕೀತ್ ಹರ್ನನ ಪ್ರಯೋಗಶಾಲೆಯಲ್ಲಿ ಅಂಥವನೊಬ್ಬನು, ಮೊದಲೇ ಒಪ್ಪಿಕೊಂಡಿದ್ದಂತೆ, ಮಲಗಿದ್ದಲ್ಲಿಂದಲೇ ಕಣ್ಣುಗಳನ್ನು ಎಡಬಲಕ್ಕೆ ಹೊರಳಿಸಿ ಸಂಜ್ಞೆಮಾಡಿದನು. 2021ರಲ್ಲಿ ಪ್ರಕಟವಾದ ಪ್ರಯೋಗದಲ್ಲಿ ಎಂಟರಲ್ಲಿ ಆರು ಕಳೆದರೆ ಎಷ್ಟೆಂದು ಕೇಳಲಾಗಿ, ನಿದ್ರಿಸುತ್ತಿದ್ದವನ ಕಣ್ಣುಗಳು ಎರಡು ಸಲ ಎಡಬಲಕ್ಕೆ ಹೊರಳಿದುವು.