ದ್ರಾಕ್ಷಿಯ ಸೀಮೆಗೆ ಒಂದು ದಿನದ ಪಯಣ

ಸ್ಪೇನ್ ದೇಶದ ಸೆವಿಲ್ಲಾ ನಗರದಲ್ಲಿ ಪ್ರವಾಸಿಗರು ಏಳೆಂಟು ಮಂದಿಯ ಸಣ್ಣ ತಂಡ ಕಟ್ಟಿಕೊಂಡು, ಬೆಳಗ್ಗೆ ಮೋಟಾರಿನಲ್ಲಿ ಹೊರಟು, ಸುಮಾರು 90 ಕಿಲೋಮೀಟರ್ ದೂರದ ಹೆರೆಸ್ ಎಂಬ ಊರಿನ ದ್ರಾಕ್ಷಿತೋಟಗಳನ್ನು ನೋಡಿ ಸಂಜೆಗೆ ಮರಳುವ ವಾಡಿಕೆಯುಂಟು. 'ಶೆರ್ರಿ' ಎಂಬ ದ್ರಾಕ್ಷಾಮದ್ಯಕ್ಕೆ ಆ ಹೆಸರು ಬಂದುದು ಈ ಹೆರೆಸ್‌ನಿಂದಲೇ. ಜಗತ್ತಿನ ಯಾವ ದೇಶಕ್ಕಿಂತಲೂ ಹೆಚ್ಚಾಗಿ, 9 ಲಕ್ಷ ಹೆಕ್ಟೇರಿಗೂ ಮೀರಿದ ನೆಲದಲ್ಲಿ ದ್ರಾಕ್ಷಿಬಳ್ಳಿಯನ್ನು ಹಬ್ಬಿಸಿರುವ ನಾಡು ಸ್ಪೇನ್. ಅಲ್ಲಿಗೆ ಹೋಗಿಬರುವ ಯೋಗ ನಮ್ಮಲ್ಲಿ ಎಷ್ಟು ಜನರಿಗೆ ಉಂಟು? ಆದರೆ ಬೀದರಿನಲ್ಲಿ ನಡುರಾತ್ರಿ ಕಳೆದ ಮೇಲೆ ಹೊರಟರೆ ಮರುದಿನದ ನಡುರಾತ್ರಿಯೊಳಗೆ ನೋಡಿ ಬರಬಹುದಾದ ದ್ರಾಕ್ಷಿಯ ಸೀಮೆಯೊಂದು ನಮಗೂ ಇದೆ. ಅದು ವಿಜಯಪುರ ಜಿಲ್ಲೆಯ ತಿಕೋಟಾ, ಬಬಲೇಶ್ವರಗಳ ಸುತ್ತಿನ ನೆಲ.

ಕಳೆದ ಮಾರ್ಚ್ ತಿಂಗಳ ಕೊನೆಯ ವಾರ ನಾವು ಒಂಬತ್ತು ಮಂದಿ ಅಲ್ಲಿಗೆ ಹೋಗಿದ್ದೆವು: ಬೀದರಿನ ಮೂವರು, ಭಾಲ್ಕಿಯ ಮೂವರು, ಔರಾದಿನ ಇಬ್ಬರು ವಿದ್ಯಾರ್ಥಿಗಳು, ಜೊತೆಗೆ ನಾನು. ತರಗತಿಯನ್ನೆಲ್ಲ ಕರೆದೊಯ್ಯಬಾರದೇಕೆ ಎಂದು ಕೆಲವರು ಕೇಳಿದರು. ನಮ್ಮಲ್ಲಿದ್ದ ಉಪಕರಣ ಒಂದೇ ಒಂದು. ನಲವತ್ತು ಮಂದಿ ಹೋದರೆ ಅದು ಜಾತ್ರೆಯಾಗುತ್ತದೆ. ಎಂಟು ಮಂದಿ ಹೋದರೆ ಪ್ರತಿಯೊಬ್ಬನ ಕಣ್ಣೂ ಉಪಕರಣದ ಮೇಲೆ ಬೀಳುತ್ತದೆ.

ಆ ಉಪಕರಣವೇ ಕೈಯಲ್ಲಿ ಹಿಡಿಯುವ ವಕ್ರೀಭವನಮಾಪಕ. ಗೇಣುದ್ದದ ಕೊಳವೆ, ಒಂದು ತುದಿಯಲ್ಲಿ ಗಾಜಿನ ಪಟ್ಟಕ, ಇನ್ನೊಂದು ತುದಿಯಲ್ಲಿ ಕಣ್ಣಿಟ್ಟು ನೋಡುವ ಮಸೂರ. ಭಾಲ್ಕಿಯ ಹುಡುಗಿಯೊಬ್ಬಳು ಅದನ್ನು ಕಂಡೊಡನೆ, "ಇದು ನಮ್ಮ ಹೊಲಕ್ಕೂ ಬರ್ತದ ಸರ್, ಕಬ್ಬು ಕಟಾವಿಗೆ ಮೊದಲು ಫ್ಯಾಕ್ಟರಿಯವರು ತರ್ತಾರ" ಎಂದಳು. ನಿಜವೇ. ಕಬ್ಬಿನ ಹಾಲಿಗೂ ದ್ರಾಕ್ಷಿಯ ರಸಕ್ಕೂ ಅಳತೆ ಒಂದೇ, ಬ್ರಿಕ್ಸ್. ಜರ್ಮನಿಯ ಅಡಾಲ್ಫ್ ಬ್ರಿಕ್ಸ್ ಎಂಬ ಗಣಿತಜ್ಞನ ಹೆಸರು ಅದಕ್ಕೆ ಅಂಟಿಕೊಂಡಿದೆ. 100 ಗ್ರಾಂ ರಸದಲ್ಲಿ 20 ಗ್ರಾಂ ಸಕ್ಕರೆ ಕರಗಿದ್ದರೆ ಅದು 20 ಬ್ರಿಕ್ಸ್. ರಸದಲ್ಲಿ ಸಕ್ಕರೆಯಲ್ಲದೆ ಬೇರೆ ಲವಣಾಮ್ಲಗಳೂ ಕರಗಿರುತ್ತವೆಯಾದರೂ ಸಕ್ಕರೆಯದೇ ದೊಡ್ಡ ಪಾಲು.

ಬೆಳಕು ಸಿಹಿಯನ್ನು ಅಳೆಯುವುದು ಹೇಗೆ? ನೀರಿನ ವಕ್ರೀಭವನಾಂಕ 1.333. ಅದರಲ್ಲಿ ಸಕ್ಕರೆ ಕರಗಿದಷ್ಟೂ ಬೆಳಕಿನ ವೇಗ ಕುಗ್ಗುತ್ತದೆ, ಅಂಕ ಏರುತ್ತದೆ; 20 ಬ್ರಿಕ್ಸ್ ದ್ರಾವಣದಲ್ಲಿ ಅದು 1.364. ಪಟ್ಟಕದ ಮೇಲೆ ಎರಡು ತೊಟ್ಟು ರಸ ಹಿಂಡಿ ಮುಚ್ಚಿದಾಗ, ರಸದಿಂದ ಗಾಜಿನೊಳಕ್ಕೆ ಹೊಕ್ಕ ಬೆಳಕು ಒಂದು ನಿರ್ದಿಷ್ಟ ಕೋನವನ್ನು ಮೀರಿ ಬಾಗಲಾರದು. ಇದೇ ಕ್ರಾಂತಿಕ ಕೋನ. ಆ ಕೋನದವರೆಗೆ ಬೆಳಕು, ಅದರಾಚೆ ಕತ್ತಲೆ. ಈ ಎರಡರ ನಡುವಣ ಗಡಿ, ಕಣ್ಣಿಗೆ ಕಾಣುವ ಅಳತೆಪಟ್ಟಿಯ ಮೇಲೆ ಬಿದ್ದು ಅಂಕಿಯನ್ನು ತೋರಿಸುತ್ತದೆ. ಪಠ್ಯದಲ್ಲಿ ಗಾಜಿನ ದಿಮ್ಮಿಯ ಬದಿಗಳಲ್ಲಿ ಗುಂಡುಸೂಜಿ ಚುಚ್ಚಿ ಮಾಡುವ ಪ್ರಯೋಗದ ತಿರುಳೇ ಇಲ್ಲಿ ರೈತನ ಜೇಬಿನಲ್ಲಿದೆ. ಇದರ ಹಿರಿಯಣ್ಣನಾದ ಪ್ರಯೋಗಶಾಲೆಯ ಯಂತ್ರವನ್ನು 1874ರಲ್ಲಿ ಲೋಕಕ್ಕೆ ವಿವರಿಸಿದವನು ಯೇನಾ ನಗರದ ಅರ್ನ್‌ಸ್ಟ್ ಆಬೆ.

ರಾತ್ರಿ ಮೂರು ಗಂಟೆಗೆ, ಹೊರಡುವ ಮುನ್ನ, ನಾನು ಶುದ್ಧ ನೀರಿನ ತೊಟ್ಟಿಟ್ಟು ಮಾಪಕವನ್ನು ಸೊನ್ನೆಗೆ ತಿದ್ದಿಕೊಂಡೆ. ಆಗ ಹೊರಗಿನ ಉಷ್ಣತೆ 20 ಡಿಗ್ರಿಯಷ್ಟಿತ್ತು. ಈ ಕಾರ್ಯದ ಬಗ್ಗೆ ಹುಡುಗರ ಮುಂದೆ ಸ್ವಲ್ಪ ಜಂಬವನ್ನೂ ಕೊಚ್ಚಿಕೊಂಡೆನೆನ್ನಬೇಕು. ಕ್ರೂಸರ್ ಗಾಡಿಯಲ್ಲಿ ಹುಮನಾಬಾದ್, ಕಲಬುರಗಿ ದಾಟಿ, ಜೇವರ್ಗಿಗೆ ಮುನ್ನ ಭೀಮಾ ನದಿಯ ಮೇಲೆ ಹೋಗುವಾಗ ಬೆಳಕು ಹರಿಯಿತು. ಬೀದರಿನ ಕೆಂಪು ಜಂಬಿಟ್ಟಿಗೆ ಎಂದೋ ಹಿಂದೆ ಉಳಿದು, ಕಪ್ಪು ನೆಲ ದಿಗಂತದವರೆಗೆ ಚಾಚಿತ್ತು. ಸಿಂದಗಿ, ವಿಜಯಪುರ ಕಳೆದು ತಿಕೋಟಾದ ಕಡೆಯ ತೋಟವೊಂದನ್ನು ಸೇರಿದಾಗ ಒಂಬತ್ತೂವರೆ.

ಮಳೆ ಕಡಿಮೆಯಾದ ಈ ಸೀಮೆಯಲ್ಲಿ ಬಳ್ಳಿ ಬೆಳೆಸುವುದು ಹಗುರದ ಕೆಲಸವಲ್ಲ. ಬರಗಾಲದಲ್ಲಿ ಟ್ಯಾಂಕರಿನಿಂದ ನೀರು ಕೊಂಡು ಬಳ್ಳಿಯ ಜೀವ ಉಳಿಸಿದವರು ಇಲ್ಲಿದ್ದಾರೆ. ಹೀಗಿದ್ದೂ ಆ ಒಣಹವೆಯೇ ಇವರ ಬಂಡವಾಳ. ಸ್ಪೇನಿನಲ್ಲಿ ಚಳಿಗಾಲ ಬಳ್ಳಿಯನ್ನು ಮಲಗಿಸುತ್ತದೆ, ವಸಂತ ಎಬ್ಬಿಸುತ್ತದೆ. ನಮ್ಮಲ್ಲಿ ಅಂಥ ಚಳಿಯಿಲ್ಲದ ಕಾರಣ ರೈತನೇ ಕತ್ತರಿ ಹಿಡಿದು ಋತುಗಳನ್ನು ಮಾಡುತ್ತಾನೆ: ಏಪ್ರಿಲಿನಲ್ಲಿ ಒಂದು ಚಾಟ್ನಿ, ಅಕ್ಟೋಬರಿನಲ್ಲಿ ಇನ್ನೊಂದು. ಮೊದಲನೆಯದು ಕಡ್ಡಿಗಾಗಿ, ಎರಡನೆಯದು ಹಣ್ಣಿಗಾಗಿ. 14ನೆಯ ಶತಮಾನದಲ್ಲಿ ಇಬ್ನ್ ಬತೂತ ಎಂಬ ಯಾತ್ರಿಕನು ದೌಲತಾಬಾದಿನ ದ್ರಾಕ್ಷಿ ವರ್ಷಕ್ಕೆ ಎರಡು ಬಾರಿ ಫಲಿಸುವುದೆಂದು ಬರೆದಿಟ್ಟನು. ಅದೇ ಯಾತ್ರಿಕನು ಮುಂದೆ ಸ್ಪೇನಿನ ಮಾಲಗಾ ಪಟ್ಟಣದ ದ್ರಾಕ್ಷಿಯನ್ನೂ ಕಂಡು ಹೊಗಳಿದನು. ಎರಡು ಸೀಮೆಗಳನ್ನೂ ಒಂದೇ ನಾಲಗೆ ಸವಿದದ್ದು ಅಪರೂಪವೇ ಸರಿ.

ಮಧ್ಯಾಹ್ನ ಎರಡು ಗಂಟೆಯ ಹೊತ್ತಿಗೆ ನಮ್ಮ ಅಳತೆ ಆರಂಭವಾಯಿತು. ಒಂದೊಂದು ಸಾಲಿನಿಂದ ಹಣ್ಣು ಕಿತ್ತು ಹಿಂಡಿ ನೋಡಿದರೆ ಅಂಕಿ 19ರ ಸುತ್ತ ನಿಲ್ಲುತ್ತಿತ್ತು. ತೋಟದ ಯಜಮಾನರು ಒಂದು ಕಾಳು ಬಾಯಿಗೆ ಹಾಕಿಕೊಂಡು ತಲೆಯಾಡಿಸಿದರು. "ಮಾಸ್ತರ, ನಿಮ್ಮ ಮೀಟರ ಸುಳ್ಳ ಹೇಳಾಕತ್ತೈತ್ರಿ. ಇದು ಇಪ್ಪತ್ತ ದಾಟೈತಿ."

ನನಗೆ ಒಳಗೊಳಗೇ ಸಿಟ್ಟು ಬಂದಿತು. ಆದರೆ ಔರಾದಿನ ಹುಡುಗನೊಬ್ಬ ಮೆಲ್ಲಗೆ, "ಸರ್, ಸೊನ್ನೆ ಮಾಡಿದಾಗ ತಂಪಿತ್ತು, ಈಗ ಬಿಸಿಲದ" ಎಂದನು. ಉಷ್ಣಮಾಪಕ 36 ಡಿಗ್ರಿ ತೋರುತ್ತಿತ್ತು. ದ್ರವ ಕಾದರೆ ಹಿಗ್ಗುತ್ತದೆ, ಸಾಂದ್ರತೆ ತಗ್ಗುತ್ತದೆ, ಅದರೊಡನೆ ವಕ್ರೀಭವನಾಂಕವೂ ಇಳಿಯುತ್ತದೆ. 15 ಡಿಗ್ರಿ ಏರಿದರೆ ನೀರಿನ ಅಂಕ 1.333ರಿಂದ ಸುಮಾರು 1.331ಕ್ಕೆ ಇಳಿದು, ಅಳತೆಯಲ್ಲಿ ಒಂದು ಬ್ರಿಕ್ಸಿಗಿಂತ ತುಸು ಹೆಚ್ಚೇ ಕಳೆದುಹೋಗುತ್ತದೆ. ಅದೇ ಬಿಸಿಯ ನೀರಿಟ್ಟು ಮತ್ತೆ ಸೊನ್ನೆ ತಿದ್ದಿ ನೋಡಿದೆವು: 20.2. ಯಜಮಾನರು ನಕ್ಕರು. ಭೌತವಿಜ್ಞಾನವನ್ನು ಹತ್ತಾರು ವರ್ಷ ಓದಿ ಕಲಿಸುವವನು ಮರೆತದ್ದನ್ನು ಒಬ್ಬರ ನಾಲಗೆಯೂ ಒಬ್ಬ ಹುಡುಗನ ನೆನಪೂ ಕಾಪಾಡಿದವು.

ಒಂದು ಬ್ರಿಕ್ಸಿಗೆ ಇಷ್ಟು ರಗಳೆಯೇಕೆ ಎಂದು ವಾಚಕರು ಕೇಳಬಹುದು. ಲೆಕ್ಕ ಹಾಕೋಣ. ಇಲ್ಲಿಯ ಬೆಳೆಯಲ್ಲಿ ಬಹುಪಾಲು ಒಣದ್ರಾಕ್ಷಿಯಾಗುತ್ತದೆ. ಈ ಕಡೆಯ ಮಾತಿನಲ್ಲಿ ಮಣೂಕ. ಒಣಗಿದ ಹಣ್ಣಿನಲ್ಲಿ ಶೇಕಡಾ 15ರಷ್ಟು ನೀರು ಉಳಿಯುತ್ತದೆ, ಮಿಕ್ಕ 85 ಪಾಲು ಘನಪದಾರ್ಥ. 10 ಟನ್ ಹಣ್ಣನ್ನು 20 ಬ್ರಿಕ್ಸಿನಲ್ಲಿ ಕೊಯ್ದರೆ ಅದರ 2000 ಕಿಲೋ ಘನಾಂಶದಿಂದ ಸುಮಾರು 2350 ಕಿಲೋ ಮಣೂಕ ಸಿಗುತ್ತದೆ. ಕೆಲವು ದಿನ ಕಾದು 22ರಲ್ಲಿ ಕೊಯ್ದರೆ ಸುಮಾರು 2590 ಕಿಲೋ. ಎರಡು ಬ್ರಿಕ್ಸಿನ ಬೆಲೆ 240 ಕಿಲೋ ಸರಕು! ಹಾಗಾದರೆ ಕಾಯುವುದೇ ಲೇಸಲ್ಲವೆ? ಆ ಪ್ರಶ್ನೆಗೆ ಉತ್ತರವಾಗಿ ಯಜಮಾನರು ಪಡುವಣ ದಿಕ್ಕಿಗೆ ಕೈಮಾಡಿದರು. ಅಲ್ಲಿ ಬೆಳ್ಳಗಿನ ಮೋಡಗಳು ಒಂದರ ಮೇಲೊಂದು ಏರುತ್ತಿದ್ದವು. ಮಾಗಿದ ಹಣ್ಣಿನ ಮೇಲೆ ಮಳೆ ಬಿದ್ದರೆ, ಒಳಗಿನ ಸಾಂದ್ರ ರಸ ಅಭಿಸರಣೆಯಿಂದ ಸಿಪ್ಪೆಯ ಮೂಲಕ ನೀರನ್ನು ಹೀರುತ್ತದೆ, ಬೇರಿನಿಂದಲೂ ನೀರು ನುಗ್ಗುತ್ತದೆ. ಸಿಪ್ಪೆ ತಾಳಲಾರದೆ ಸೀಳುತ್ತದೆ, ಸೀಳಿದಲ್ಲಿ ಬೂಷ್ಟು ಹಿಡಿಯುತ್ತದೆ. ಸಿಹಿ ಹೆಚ್ಚಿದಷ್ಟೂ ಹೀರುವ ಬಲವೂ ಹೆಚ್ಚು! ಕಾದವನಿಗೆ ಲಾಭ ಹೆಚ್ಚಿದಂತೆ ಅಪಾಯವೂ ಹೆಚ್ಚುತ್ತದೆ.

ಕೊಯ್ದ ಗೊಂಚಲುಗಳನ್ನು ಒಣಗಿಸುವ ಶೆಡ್ಡು ತೋಟದ ಅಂಚಿನಲ್ಲೇ ಇತ್ತು. ನೆಲದಿಂದ ಮೇಲಕ್ಕೆ ಅಂತಸ್ತು ಅಂತಸ್ತಾಗಿ ಬಲೆಯ ಹಾಸುಗಳು, ಮೇಲೆ ಮಾಡು, ಪಕ್ಕದಲ್ಲಿ ಹಸಿರು ನೆರಳುಬಲೆ. ಒಣಗಿಸುವ ಮುನ್ನ ಗೊಂಚಲನ್ನು ಒಂದು ಹಾಲಿನಂಥ ದ್ರವದಲ್ಲಿ ಅದ್ದುತ್ತಾರೆ. ಅದರಲ್ಲಿರುವುದು ಪೊಟ್ಯಾಸಿಯಂ ಕಾರ್ಬೊನೇಟು ಮತ್ತು ಈಥೈಲ್ ಓಲಿಯೇಟ್ ಎಂಬ ಎಣ್ಣೆಯಂಥ ವಸ್ತು. ದ್ರಾಕ್ಷಿಯ ಮೈಮೇಲೆ ಬೆರಳಿಟ್ಟರೆ ಅಳಿಸಿಹೋಗುವ ಬಿಳಿಯ ಹುಡಿಯನ್ನು ನೀವು ಕಂಡಿರಬೇಕು. ಅದು ಮೇಣ. ಮನೆಯ ಹೆಂಚುಗಳಂತೆ ಒಂದರ ಮೇಲೊಂದು ಹೊದೆದ ಮೇಣದ ತೆಳುಬಿಲ್ಲೆಗಳು ಒಳಗಿನ ನೀರನ್ನು ಹೊರಬಿಡುವುದಿಲ್ಲ. ಅದ್ದಿದಾಗ ಸಿಪ್ಪೆ ಹರಿಯುವುದಿಲ್ಲ, ಆದರೆ ಈ ಬಿಲ್ಲೆಗಳ ನಡುವೆ ನೀರಿಗೆ ದಾರಿಯಾಗುತ್ತದೆ. ಮೂರು ನಾಲ್ಕು ವಾರ ಹಿಡಿಯುವ ಕೆಲಸ ಎರಡು ವಾರಕ್ಕೆ ಮುಗಿಯುತ್ತದೆ.

"ಇದನ್ನು ಯಾರು ಕಂಡುಹಿಡಿದರು?" ಎಂದು ಹುಡುಗಿ ಕೇಳಿದಳು. ಇಲ್ಲಿ ಮತ್ತೆ ಸ್ಪೇನಿಗೆ ಹೋಗಬೇಕು. ಹೆರೆಸ್‌ಗೆ ಸಮೀಪದ ಕಾದಿಸ್‌ನಲ್ಲಿ ಹುಟ್ಟಿದ ಕೊಲುಮೆಲ್ಲಾ ಎಂಬಾತ ಕ್ರಿಸ್ತಶಕ ಮೊದಲನೆಯ ಶತಮಾನದಲ್ಲಿ ಬೇಸಾಯದ ಬಗ್ಗೆ ಬರೆದ ಲ್ಯಾಟಿನ್ ಗ್ರಂಥದಲ್ಲಿ, ಬೂದಿಯ ತಿಳಿನೀರನ್ನು ಕುದಿಸಿ, ತುಸು ಒಳ್ಳೆಯ ಎಣ್ಣೆ ಬೆರೆಸಿ, ಗೊಂಚಲನ್ನು ಅದ್ದಿ ಒಣಗಿಸುವ ಕ್ರಮವನ್ನು ಹೇಳಿದ್ದಾನೆ. ಕಟ್ಟಿಗೆಯ ಬೂದಿಯ ತಿಳಿಯಲ್ಲಿರುವ ಮುಖ್ಯ ಕ್ಷಾರವೇ ಪೊಟ್ಯಾಸಿಯಂ ಕಾರ್ಬೊನೇಟು. 'ಪಾಟ್ ಆಶ್', ಅಂದರೆ ಗಡಿಗೆಯ ಬೂದಿ, ಎಂಬುದರಿಂದಲೇ ಪೊಟ್ಯಾಸಿಯಂ ಎಂಬ ಹೆಸರು ಬಂತು. ಎರಡು ಸಾವಿರ ವರ್ಷಗಳಲ್ಲಿ ಬೂದಿ ಶುದ್ಧವಾಯಿತು, ಎಣ್ಣೆಯ ಹೆಸರು ಬದಲಾಯಿತು. ಅಷ್ಟೇ. ಸ್ಪೇನಿನ ಮೊಂತಿಯಾ ಸೀಮೆಯಲ್ಲಿ ಇಂದಿಗೂ ದ್ರಾಕ್ಷಿಯನ್ನು ಚಾಪೆಯ ಮೇಲೆ ಬಿಸಿಲಿಗೆ ಹರವಿ, ಕಪ್ಪಾಗಿ ಬಾಡಿಸಿ, ಸಿಹಿಮದ್ಯ ಮಾಡುತ್ತಾರೆ. ಅವರಿಗೆ ಕಪ್ಪು ಬೇಕು. ನಮ್ಮ ಪೇಟೆಗೆ ಹಸಿರುಹಳದಿ ಬೇಕು, ಆದುದರಿಂದ ನಮ್ಮವರು ನೆರಳನ್ನು ಹಿಡಿದರು. ನಮ್ಮ ರಾಜ್ಯವೂ 2007ರಲ್ಲಿ ದ್ರಾಕ್ಷಿ ಸಂಸ್ಕರಣೆ ಮತ್ತು ವೈನ್ ನೀತಿಯೊಂದನ್ನು ಹೊರಡಿಸಿತು; ಆದರೆ ಹುಡುಗರ ಜೊತೆಗೆ ಹೋದವನ ಪಾಠ ವಕ್ರೀಭವನಮಾಪಕದಲ್ಲೇ ನಿಲ್ಲುವುದು ಮೇಲು.

ಬೆಂಕಿಯಿಲ್ಲದೆ, ಬಿಸಿಲೂ ಇಲ್ಲದೆ ಒಣಗಿಸುವ ಶಕ್ತಿ ಯಾವುದು? ಒಂದು ಕಿಲೋ ನೀರು ಆವಿಯಾಗಲು ಸುಮಾರು 24 ಲಕ್ಷ ಜೂಲ್ ಗುಪ್ತೋಷ್ಣ ಬೇಕು. ಒಂದು ಟನ್ ಹಣ್ಣಿನಿಂದ ಹೊರಡಬೇಕಾದ ನೀರು 765 ಕಿಲೋ. ಇದನ್ನು ವಿದ್ಯುತ್ತಿನಿಂದ ಮಾಡುವುದಾದರೆ, ನಷ್ಟವೇ ಇಲ್ಲವೆಂದುಕೊಂಡರೂ, 500 ಯೂನಿಟ್ ಬೇಕಾದೀತು. ಅದನ್ನೆಲ್ಲ ಇಲ್ಲಿ ಬೀಸುವ ಗಾಳಿ ಪುಕ್ಕಟೆಯಾಗಿ ಕೊಡುತ್ತದೆ. ನಾವು ಎರಡು ಉಷ್ಣಮಾಪಕಗಳನ್ನು ತೂಗುಹಾಕಿ, ಒಂದರ ಬುರುಡೆಗೆ ಒದ್ದೆಬಟ್ಟೆ ಸುತ್ತಿದೆವು. ಒಣದು 36, ಒದ್ದೆಯದು 20. ಪಟ್ಟಿ ನೋಡಿದರೆ ಸಾಪೇಕ್ಷ ಆರ್ದ್ರತೆ ಸುಮಾರು ಶೇಕಡಾ 22. ಇಂಥ ಬಾಯಾರಿದ ಗಾಳಿ ಹಾಸುಗಳ ನಡುವೆ ಹಾಯುವಾಗ ನೀರನ್ನು ಕುಡಿಯದೆ ಬಿಟ್ಟೀತೆ? ಮೋಡ ಕವಿದು ಆರ್ದ್ರತೆ ಏರಿದ ದಿನ ಕೆಲಸ ನಿಲ್ಲುತ್ತದೆ, ಹಣ್ಣು ಕಂದುತ್ತದೆ, ತಾಸಗಾಂವ ಸಾಂಗ್ಲಿಗಳ ಪೇಟೆಯಲ್ಲಿ ಬೆಲೆ ಬೀಳುತ್ತದೆ.

ಮನೆಯಲ್ಲೇ ಇದನ್ನು ಪರೀಕ್ಷಿಸಬಹುದು. ಎರಡು ಗೊಂಚಲು ತನ್ನಿ, ಒಂದನ್ನು ಕೆಲವು ಸೆಕೆಂಡು ಮಾತ್ರ ಕುದಿಯುವ ನೀರಿನಲ್ಲಿ ಅದ್ದಿ, ಎರಡನ್ನೂ ಗಾಳಿಯಾಡುವ ನೆರಳಿನಲ್ಲಿ ತೂಗುಹಾಕಿ ದಿನವೂ ತೂಕ ಮಾಡಿ. ತೂಕದ ರೇಖೆ ಮೊದಲು ಕಡಿದಾಗಿ ಇಳಿದು ಕ್ರಮೇಣ ಚಪ್ಪಟೆಯಾಗುವುದನ್ನು ಕಾಣುವಿರಿ.

ಐದು ಗಂಟೆಗೆ ಹೊರಟೆವು. ಯಜಮಾನರು ಅಷ್ಟರಲ್ಲಿ ತೀರ್ಮಾನ ಮಾಡಿದ್ದರು: ಅರ್ಧ ತೋಟ ನಾಳೆಯೇ ಕೊಯ್ಲು, ಅರ್ಧ ಇನ್ನೆಂಟು ದಿನ ಕಾಯುವುದು. ಅವರು ಕೊಟ್ಟ ಹಣ್ಣಿನಲ್ಲಿ ಒಂದೊಂದು ಕಿಲೋವಿನ ಎರಡು ಪಾಲು ಮಾಡಿ, ಒಂದನ್ನು ಮಾತ್ರ ಅವರ ದ್ರವದಲ್ಲೇ ಅದ್ದಿಸಿ ತಂದು ಕಾಲೇಜಿನ ಪಡಸಾಲೆಯಲ್ಲಿ ಬಲೆಯ ಮೇಲೆ ಹರವಿದೆವು. ಹದಿನಾರನೆಯ ದಿನ ಅದ್ದಿದ್ದು 251 ಗ್ರಾಂ ಆಗಿತ್ತು, ಅದ್ದದೆ ಇದ್ದದ್ದು ಇನ್ನೂ 430. ಆ ದಿನವೇ ಭಾಲ್ಕಿಯ ಹುಡುಗಿ ತಿಕೋಟಾಕ್ಕೆ ಫೋನು ಮಾಡಿ ವಿಚಾರಿಸಿದಳು. ಆರನೆಯ ರಾತ್ರಿ ಮಳೆ ಬಂದಿತ್ತಂತೆ, ಹೆಚ್ಚೇನಲ್ಲ. ಕಾದ ಅರ್ಧ ಭಾಗ 21.5 ಮುಟ್ಟಿತ್ತು, ಅದರಲ್ಲಿ ಹತ್ತಕ್ಕೆ ಒಂದು ಗೊಂಚಲು ಸೀಳಿತ್ತು. ಗೆದ್ದರೋ ಸೋತರೋ ಎಂದು ಹುಡುಗರು ಕರಿಹಲಗೆಯ ಮೇಲೆ ಲೆಕ್ಕ ಹಾಕತೊಡಗಿದರು.