ಹಸಿರು ತುದಿ, ನೀಲಿ ತುದಿ

ಬರ್ಮಿಂಗ್‌ಹ್ಯಾಮ್, ಮ್ಯಾಂಚೆಸ್ಟರ್, ಲೀಡ್ಸ್ ಕಡೆಯ ಕೇಳುಗರೇ, ಬ್ರಿಟನ್ನಿನ ಹಳೆಯ ಅನಲಾಗ್ ಫೋನ್ ಜಾಲ 2027ರ ಜನವರಿಗೆ ನಿಲ್ಲಲಿದೆ. ಫೈಬರ್ ಬಂದ ಮನೆಯಲ್ಲಿ ಅಜ್ಜಿಯ ಲ್ಯಾಂಡ್‌ಲೈನ್ ಕರೆಯೂ ಇನ್ನು ಗೋಡೆಯ ಪೆಟ್ಟಿಗೆಗೆ ಸಿಕ್ಕಿಸಿದ ಪುಟ್ಟ ಕನೆಕ್ಟರ್ ದಾಟಿಯೇ ಹೋಗಬೇಕು.

ಆ ಫೈಬರಿನಲ್ಲಿ ಬೆಳಕು ಸಾಗುವ ತಿರುಳು ಸುಮಾರು 9 ಮೈಕ್ರಾನ್ ಅಗಲ. ನಮ್ಮ ಕೆಂಪು ರಕ್ತಕಣ 7ರಿಂದ 8 ಮೈಕ್ರಾನ್. ಅಂದ್ರೆ ಹುಲ್ಲಿನ ಒಂದೇ ಒಂದು ಪರಾಗ ಕಣ ಕೂತರೂ ದಾರಿ ಮುಚ್ಚಿಹೋಗುತ್ತೆ.

ಇಂಥ ತುದಿಯನ್ನು ಮನೆಬಾಗಿಲಲ್ಲಿ ಕೂತು ಉಜ್ಜಿ ನಯ ಮಾಡೋದು ಕಷ್ಟ. ಅದಕ್ಕೇ ಪಿಗ್‌ಟೇಲ್: ಒಂದು ತುದಿಗೆ ಕಾರ್ಖಾನೆಯಲ್ಲೇ ಕನೆಕ್ಟರ್ ಕೂರಿಸಿದ, ಇನ್ನೊಂದು ತುದಿ ಬರಿದಾಗಿರುವ ತುಂಡು. ಬರಿ ತುದಿಯನ್ನು ಹೊರಗಿನ ಕೇಬಲ್ಲಿಗೆ ವಿದ್ಯುತ್ ಕಿಡಿಯಲ್ಲಿ ಕರಗಿಸಿ ಬೆಸೀತಾರೆ. ಒಳ್ಳೆಯ ಬೆಸುಗೆಯಲ್ಲಿ ನಷ್ಟ 0.1 ಡೆಸಿಬೆಲ್‌ಗಿಂತ ಕಡಿಮೆ. 3 ಡೆಸಿಬೆಲ್ ನಷ್ಟ ಅಂದ್ರೆ ಅರ್ಧ ಬೆಳಕು ಹೋಯ್ತು ಅಂತ.

ಕೊಳ್ಳುವಾಗ ಬಣ್ಣ ನೋಡಿ. ಹಸಿರು ಎಪಿಸಿ: ತುದಿ 8 ಡಿಗ್ರಿ ಓರೆ, ಹಾಗಾಗಿ ಪ್ರತಿಫಲಿಸಿದ ಬೆಳಕು ಬಂದ ದಾರೀಲೇ ಹಿಂದಿರುಗಲ್ಲ. ನೀಲಿ ಯುಪಿಸಿಗೆ ಓರೆಯಿಲ್ಲ. ಇವೆರಡನ್ನೂ ಎದುರುಬದುರು ಸಿಕ್ಕಿಸೋಕೆ ಆಗುತ್ತೆ. ಆದರೆ ನಡುವೆ ಸಂದು ಉಳಿದು ಬೆಳಕು ಸೋರುತ್ತೆ, ತುದಿಗೂ ಪೆಟ್ಟು. ಪೆಟ್ಟಿಗೆಯಲ್ಲಿರುವ ಬಣ್ಣವನ್ನೇ ತನ್ನಿ.

ಮುಚ್ಚಳ ತೆಗೆದ ಮೇಲೆ ಬೆರಳು ತಾಗಿಸಬೇಡಿ, ಬಾಯಿಂದ ಊದಬೇಡಿ, ಫೈಬರ್ ಕ್ಲೀನರಿನಿಂದ ಒರೆಸಿ. ಒಳಗೆ ಇಣುಕಲೇಬೇಡಿ, ಆ ಬೆಳಕು ಕಣ್ಣಿಗೆ ಕಾಣದ ಅವಕೆಂಪು.

ಕೊನೆಯ ಮಾತು: ಕರೆಂಟ್ ಹೋದರೆ ಪೆಟ್ಟಿಗೆಯೂ ಆರುತ್ತೆ. ಲ್ಯಾಂಡ್‌ಲೈನನ್ನೇ ನಂಬಿರೋ ಹಿರಿಯರು ಮನೆಯಲ್ಲಿದ್ದರೆ, ಸೇವೆ ಕೊಡುವವರ ಹತ್ತಿರ ಬ್ಯಾಕಪ್ ಬ್ಯಾಟರಿ ಈಗಲೇ ಕೇಳಿ.