ಸುಗ್ಗಿಯ ದುಡ್ಡು, ತಿಂಗಳ ಕಂತು

ಹುಣಸೂರು, ಪಿರಿಯಾಪಟ್ಟಣದ ಕಡೆ ಹೊಸ ಮನೆಯ ಮಾತು ಹೊಗೆಸೊಪ್ಪಿನ ಹರಾಜಿನ ಜತೆಗೇ ಏಳುತ್ತದೆ. ಕಟ್ಟೆಮಳಲವಾಡಿ, ಚಿಲ್ಕುಂದ, ಕಂಪಲಾಪುರದ ಹರಾಜು ಮಾರುಕಟ್ಟೆಗಳಲ್ಲಿ ಸೆಪ್ಟೆಂಬರ್ ಕೊನೆಗೋ ಅಕ್ಟೋಬರಿಗೋ ವಹಿವಾಟು ಶುರುವಾದರೆ ಫೆಬ್ರುವರಿ, ಮಾರ್ಚ್‌ವರೆಗೂ ಬೆಳೆಗಾರರ ಖಾತೆಗೆ ದುಡ್ಡು ಬೀಳುತ್ತಿರುತ್ತದೆ. ಕೆ.ಆರ್. ನಗರದಲ್ಲಿ ಭತ್ತದ ಒಕ್ಕಣೆ ಮುಗಿಯುವುದೂ ಹೆಚ್ಚುಕಡಿಮೆ ಆ ಹೊತ್ತಿಗೇ. ಎಚ್.ಡಿ. ಕೋಟೆಯಲ್ಲಿ ಹತ್ತಿ, ರಾಗಿ, ಅಲ್ಲಲ್ಲಿ ಶುಂಠಿ. ಬೆಳೆ ಯಾವುದಾದರೂ ನಾಲ್ಕೂ ತಾಲ್ಲೂಕುಗಳ ಬೇಸಾಯದ ಮನೆಗಳಿಗೆ ದೊಡ್ಡ ದುಡ್ಡು ಬರುವುದು ವರ್ಷಕ್ಕೊಮ್ಮೆ, ಹೆಚ್ಚೆಂದರೆ ಎರಡು ಸಲ. ಗೃಹಸಾಲದ ಕಂತು ಮಾತ್ರ ಪ್ರತಿ ತಿಂಗಳು ಗೊತ್ತಾದ ತಾರೀಕಿಗೆ ತಪ್ಪದೆ ಬರುತ್ತದೆ. ಈ ಭಾಗದಲ್ಲಿ ಮನೆ ಸಾಲ ದುಬಾರಿಯಾಗುವುದೂ ಇಲ್ಲೇ, ಅದನ್ನು ಅಗ್ಗ ಮಾಡಿಕೊಳ್ಳುವ ದಾರಿ ಇರುವುದೂ ಇಲ್ಲೇ.

ಬ್ಯಾಂಕಿನ ಮೇಜಿನ ಮುಂದೆ ಕೂತವರು ಮೊದಲು ಕೇಳುವ ಪ್ರಶ್ನೆ, “ತಿಂಗಳಿಗೆ ಎಷ್ಟು ಬೀಳ್ತದೆ ಸಾರ್?” ಸಾಲ ಮುಗಿಯುವ ಹೊತ್ತಿಗೆ ಒಟ್ಟು ಎಷ್ಟು ಕಟ್ಟಿರುತ್ತೇವೆ ಎಂದು ಕೇಳುವವರು ಅಪರೂಪ. ಹೇಳುವವರೂ ಅಪರೂಪ. ಅದನ್ನೇ ಮೊದಲು ಲೆಕ್ಕ ಹಾಕೋಣ. 20 ಲಕ್ಷ ರೂಪಾಯಿ ಸಾಲ, ಶೇ 9ರ ಬಡ್ಡಿ, 20 ವರ್ಷ. ತಿಂಗಳ ಕಂತು 17,995 ರೂಪಾಯಿ. 240 ಕಂತು ಕಟ್ಟಿ ಮುಗಿಸಿದಾಗ ಕೊಟ್ಟದ್ದು 43 ಲಕ್ಷ 18 ಸಾವಿರ. ಮನೆಗೆ ಬಿದ್ದ ದುಡ್ಡಿಗಿಂತ ಬಡ್ಡಿಗೆ ಹೋದದ್ದೇ ಮೂರು ಲಕ್ಷದಷ್ಟು ಹೆಚ್ಚು.

ಇದಕ್ಕಿಂತ ನೋವು ಕೊಡುವ ಸಂಗತಿ ಆ ಬಡ್ಡಿ ಕಳೆಯುವ ರೀತಿಯಲ್ಲಿದೆ. ಮೊದಲ ತಿಂಗಳು ನೀವು ಕಟ್ಟಿದ 17,995 ರೂಪಾಯಿಯಲ್ಲಿ 15,000 ಬಡ್ಡಿಗೆ ಹೋಗುತ್ತದೆ. ಅಸಲಿನಿಂದ ಇಳಿಯುವುದು ಮೂರು ಸಾವಿರಕ್ಕೂ ಕಡಿಮೆ. ಬಡ್ಡಿ ಯಾವಾಗಲೂ ಉಳಿದ ಅಸಲಿನ ಮೇಲೆ ಬೀಳುವುದರಿಂದ, ಅಸಲು ದೊಡ್ಡದಿರುವ ಮೊದಲ ವರ್ಷಗಳಲ್ಲಿ ಕಂತನ್ನೆಲ್ಲ ಅದೇ ತಿನ್ನುತ್ತದೆ. ಒಂದು ಕಂತೂ ತಪ್ಪಿಸದೆ ಹತ್ತು ವರ್ಷ ಕಟ್ಟಿದ ಮನೆಯವರನ್ನು ನೆನೆದುಕೊಳ್ಳಿ. ಅವರ ಕೈಯಿಂದ ಆಗಲೇ 21 ಲಕ್ಷ 59 ಸಾವಿರ ಹೋಗಿದೆ, ಅಂದರೆ ತಂದ ಸಾಲಕ್ಕಿಂತ ಹೆಚ್ಚು. ಬಾಕಿ ಅಸಲು ಎಷ್ಟೆಂದು ಕೇಳಿದರೆ 14 ಲಕ್ಷ 20 ಸಾವಿರ ಎನ್ನುತ್ತದೆ ಬ್ಯಾಂಕು. ಮೋಸವಾಯಿತೆಂದು ಅವರಿಗೆ ಅನಿಸಿದರೆ ತಪ್ಪೇನಿಲ್ಲ, ಆದರೆ ಇದು ಮೋಸವಲ್ಲ. ಗೃಹಸಾಲದ ಲೆಕ್ಕ ನಡೆಯುವುದೇ ಹೀಗೆ. ಮೊದಲೇ ಯಾರೂ ಬಿಡಿಸಿ ಹೇಳಲಿಲ್ಲ ಎನ್ನುವುದಷ್ಟೇ ಅನ್ಯಾಯ.

ನಮ್ಮ ಹಿರಿಯರ ಭೋಗ್ಯದ ಪದ್ಧತಿಯಲ್ಲಿ ಈ ಮರೆ ಇರಲಿಲ್ಲ. ಸಾಲ ಕೊಟ್ಟವನು ಬಡ್ಡಿಯ ಬದಲು ಹೊಲದ ಬೆಳೆ ಉಣ್ಣುತ್ತಿದ್ದ. ಎಷ್ಟು ಪಲ್ಲ ಭತ್ತ ಹೋಯಿತೆಂದು ಹೊಲದವನಿಗೆ ಕಣ್ಣಾರೆ ಕಾಣುತ್ತಿತ್ತು. ಅದೇನೂ ಒಳ್ಳೆಯ ಪದ್ಧತಿಯಾಗಿರಲಿಲ್ಲ, ಎಷ್ಟೋ ಜಮೀನು ಹಾಗೆಯೇ ಕೈಬಿಟ್ಟಿತು. ಆದರೂ ಸಾಲದ ಬೆಲೆ ಎದುರಿಗಿರುತ್ತಿತ್ತು.

ಕಂತು ಹೊರೆಯಾಗುತ್ತದೆ ಎಂದರೆ ಅವಧಿ ಹೆಚ್ಚಿಸಿ ಎಂಬ ಸಲಹೆ ತಕ್ಷಣ ಬರುತ್ತದೆ. ಅದೇ ಸಾಲವನ್ನು 30 ವರ್ಷಕ್ಕೆ ಎಳೆದರೆ ಕಂತು 16,092ಕ್ಕೆ ಇಳಿಯುತ್ತದೆ. ತಿಂಗಳಿಗೆ ಸಾವಿರದ ಒಂಬೈನೂರು ಉಳಿಯಿತು, ನಿಜ. ಆದರೆ ಒಟ್ಟು ಬಡ್ಡಿ ಸುಮಾರು 38 ಲಕ್ಷಕ್ಕೆ ಏರುತ್ತದೆ. 15 ವರ್ಷಕ್ಕೆ ಇಳಿಸಿದರೆ ಕಂತು 20,285, ಬಡ್ಡಿ ಹದಿನಾರೂವರೆ ಲಕ್ಷ. ನಲವತ್ತು ವಯಸ್ಸು ದಾಟಿದವರು 30 ವರ್ಷದ ಸಾಲಕ್ಕೆ ಸಹಿ ಹಾಕುವುದೆಂದರೆ ಮಕ್ಕಳ ಸುಗ್ಗಿಗಳನ್ನೂ ಈಗಲೇ ಒತ್ತೆ ಇಟ್ಟಂತೆ.

ದರ ಏರಿದಾಗ

ಶೇ 9 ಎಂದು ಬರೆದ ದರ 20 ವರ್ಷವೂ ಅಲ್ಲೇ ನಿಲ್ಲುವುದಿಲ್ಲ. 2019ರ ಅಕ್ಟೋಬರ್‌ನಿಂದ ಬ್ಯಾಂಕುಗಳು ಕೊಡುವ ಬದಲಾಗುವ ಬಡ್ಡಿಯ ಹೊಸ ಗೃಹಸಾಲಗಳು ರಿಸರ್ವ್ ಬ್ಯಾಂಕಿನ ರೆಪೊ ದರದಂಥ ಹೊರಗಿನ ಅಳತೆಗೋಲಿಗೆ ಕಟ್ಟಿಕೊಂಡಿವೆ. 2022ರ ಏಪ್ರಿಲ್‌ವರೆಗೆ ಶೇ 4 ಇದ್ದ ರೆಪೊ, 2023ರ ಫೆಬ್ರುವರಿ ಹೊತ್ತಿಗೆ ಶೇ 6.5 ಆಯಿತು. ಶೇ 7ಕ್ಕೆ ಸಾಲ ತಂದವರ ಬಡ್ಡಿ ಒಂದು ವರ್ಷ ತುಂಬುವ ಮೊದಲೇ ಶೇ 9.5 ಆದದ್ದು ಹೀಗೆ.

ಆಗ ಹೆಚ್ಚಿನ ಕಡೆ ಕಂತು ಏರಲಿಲ್ಲ, ಅವಧಿ ಉದ್ದವಾಯಿತು. ಕಂತು ಬದಲಾಗದ್ದರಿಂದ ಅನೇಕರ ಗಮನಕ್ಕೇ ಅದು ಬರಲಿಲ್ಲ. 20 ಲಕ್ಷವನ್ನು ಶೇ 7ರಂತೆ 20 ವರ್ಷಕ್ಕೆ ತಂದವರ ಕಂತು 15,506. ಅವರ ಅಸಲು ಹತ್ತೊಂಬತ್ತೂವರೆ ಲಕ್ಷಕ್ಕೆ ಇಳಿದಿತ್ತು ಎಂದುಕೊಂಡರೂ ಶೇ 9.5ರ ದರದಲ್ಲಿ ತಿಂಗಳ ಬಡ್ಡಿಯೇ 15,437. ಅಸಲಿಗೆ ಸೇರುವುದು 69 ರೂಪಾಯಿ! ಹೀಗೆ ಕಟ್ಟುತ್ತಾ ಹೋದರೆ ಸಾಲ ತೀರುವ ಮಾತೆಲ್ಲಿ? ಈ ತೊಂದರೆಯನ್ನು ಕಂಡೇ ರಿಸರ್ವ್ ಬ್ಯಾಂಕ್ 2023ರ ಆಗಸ್ಟ್‌ನಲ್ಲಿ, ದರ ಬದಲಾದಾಗ ಕಂತು ಏರಿಸಬೇಕೇ, ಅವಧಿ ಹೆಚ್ಚಿಸಬೇಕೇ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡಬೇಕೇ ಎಂದು ಸಾಲಗಾರರನ್ನೇ ಕೇಳಬೇಕೆಂದು ಸೂಚಿಸಿತು. 2025ರಲ್ಲಿ ರೆಪೊ ಮತ್ತೆ ಇಳಿದು ಡಿಸೆಂಬರ್‌ಗೆ ಶೇ 5.25 ಆಯಿತು. ಅದರ ಲಾಭ ನಿಮ್ಮ ಸಾಲಕ್ಕೆ ಸೇರಿದೆಯೇ ಎಂದು ಖಾತೆಯ ವಿವರ ತೆಗೆಸಿ ನೋಡಬೇಕು. ವಸತಿ ಹಣಕಾಸು ಕಂಪನಿಗಳು ರೆಪೊಗೆ ಕಟ್ಟುಬಿದ್ದಿಲ್ಲ. ಅವು ತಮ್ಮದೇ ದರ ಇಟ್ಟುಕೊಳ್ಳುತ್ತವೆ.

ಆ ಕಂಪನಿಗಳ ಹತ್ತಿರ ನಮ್ಮ ಜನ ಏಕೆ ಹೋಗುತ್ತಾರೆ ಎಂಬುದಕ್ಕೆ ಉತ್ತರ ನಿವೇಶನದ ಕಾಗದಪತ್ರದಲ್ಲಿದೆ. ಊರ ಅಂಚಿನ ಕಂದಾಯ ಜಮೀನನ್ನು ಭೂಪರಿವರ್ತನೆ ಮಾಡಿಸದೆ ತುಂಡು ಮಾಡಿ ಮಾರಿದ ಸೈಟುಗಳು ಈ ನಾಲ್ಕೂ ಪಟ್ಟಣಗಳ ಸುತ್ತ ಇವೆ. ಸರಿಯಾದ ಇ-ಖಾತೆ ಇಲ್ಲದ, ಹಳ್ಳಿಯಾದರೆ ಇ-ಸ್ವತ್ತಿನ ನಮೂನೆ 9 ಮತ್ತು 11 ಇಲ್ಲದ ಆಸ್ತಿಗೆ ಬ್ಯಾಂಕು ಸಾಲ ಕೊಡಲು ಹಿಂದೇಟು ಹಾಕುತ್ತದೆ. ಸೈಟು ಅಗ್ಗಕ್ಕೆ ಸಿಕ್ಕಿತೆಂದು ಕೊಂಡವರು ಕೊನೆಗೆ ಹೆಚ್ಚು ಬಡ್ಡಿಯವರ ಬಾಗಿಲಿಗೆ ಹೋಗುತ್ತಾರೆ. 10 ಲಕ್ಷವನ್ನು 15 ವರ್ಷಕ್ಕೆ ಶೇ 9ರಂತೆ ತಂದರೆ ಒಟ್ಟು ಕಟ್ಟುವುದು 18 ಲಕ್ಷ 26 ಸಾವಿರ. ಶೇ 14ರಂತೆ ತಂದರೆ 23 ಲಕ್ಷ 97 ಸಾವಿರ. ನಡುವಿನ 5 ಲಕ್ಷ 71 ಸಾವಿರವನ್ನು ಸೈಟಿನ ಬೆಲೆಗೆ ಸೇರಿಸಿ ನೋಡಿದರೆ ಅದು ಅಗ್ಗದ ಸೈಟು ಹೌದೋ ಅಲ್ಲವೋ ತಿಳಿಯುತ್ತದೆ. ಪಟ್ಟಣದವರಿಗೆ ಇನ್ನೊಂದು ಮಾತು: ವರ್ಷಕ್ಕೆ 9 ಲಕ್ಷದೊಳಗೆ ಆದಾಯವಿದ್ದು ಸ್ವಂತ ಪಕ್ಕಾ ಮನೆ ಇಲ್ಲದ ಕುಟುಂಬಗಳಿಗೆ ಪ್ರಧಾನಮಂತ್ರಿ ಆವಾಸ್ ಯೋಜನೆ ನಗರ 2.0ರಲ್ಲಿ, ಮನೆಯ ಬೆಲೆ 35 ಲಕ್ಷ, ಸಾಲ 25 ಲಕ್ಷ ಮೀರದಿದ್ದರೆ, 1.80 ಲಕ್ಷದವರೆಗೆ ಬಡ್ಡಿ ಸಹಾಯಧನವಿದೆ.

ಸಣ್ಣಪುಟ್ಟ ಖರ್ಚುಗಳೆಂದು ಕರೆಯುವವು ಬೇರೆ. ಸಂಸ್ಕರಣಾ ಶುಲ್ಕ, ವಕೀಲರ ಅಭಿಪ್ರಾಯ, ಎಂಜಿನಿಯರ್ ಮೌಲ್ಯಮಾಪನ, ಅಡಮಾನದ ನೋಂದಣಿ ಇವೆಲ್ಲ ಒಮ್ಮೆ ಕಟ್ಟಿ ಮರೆಯುವಂಥವು. ಮರೆಯಬಾರದ್ದು ವಿಮೆ. ಸಾಲದ ಜತೆ ಕೊಡುವ ವಿಮೆಯ ಕಂತನ್ನು ಅಸಲಿಗೇ ಸೇರಿಸಿಬಿಡುತ್ತಾರೆ. 80 ಸಾವಿರದ ವಿಮೆ ಹೀಗೆ ಸೇರಿದರೆ ಶೇ 9ರಂತೆ 20 ವರ್ಷದಲ್ಲಿ ಅದಕ್ಕೆ ಕೊಡುವುದು 1 ಲಕ್ಷ 72 ಸಾವಿರ. ಮನೆ ನಡೆಸುವವರ ಜೀವಕ್ಕೆ ವಿಮೆ ಬೇಕೇ ಬೇಕು. ಆದರೆ ಸಾಲ ಕೊಡುವವರು ತೋರಿಸಿದ ಕಂಪನಿಯದ್ದೇ ಕೊಳ್ಳಬೇಕೆಂಬ ನಿಯಮವಿಲ್ಲ. ಪಾಯ, ಲಿಂಟಲ್, ತಾರಸಿ ಎಂದು ಹಂತ ಹಂತವಾಗಿ ಹಣ ಬಿಡುಗಡೆಯಾಗುವಾಗ ಕಟ್ಟುವ ಬಡ್ಡಿಯೂ 240 ಕಂತಿನ ಲೆಕ್ಕದಿಂದ ಹೊರಗಿನದು. ಮಳೆಗಾಲ ಬಂತು, ಗಾರೆಯವರು ಸಿಗಲಿಲ್ಲ ಎಂದು ಕೆಲಸ ನಿಂತಷ್ಟೂ ಅದು ಬೆಳೆಯುತ್ತದೆ.

ಒಂದೇ ಬ್ಯಾಂಕು, ಎರಡು ನಿಯಮ

ಈಗ ನಮ್ಮ ತಾಲ್ಲೂಕುಗಳ ಅಸಲಿ ವಿಷಯಕ್ಕೆ ಬರೋಣ. ಬೆಳೆಸಾಲ ವಸೂಲಾಗದ ಸಾಲವೆಂದು ಎಣಿಕೆಯಾಗಬೇಕಾದರೆ ಅಲ್ಪಾವಧಿ ಬೆಳೆಗಳಲ್ಲಿ ಎರಡು ಹಂಗಾಮು ಬಾಕಿ ಉಳಿಯಬೇಕು. ರೈತನ ಕೈಗೆ ಯಾವಾಗ ದುಡ್ಡು ಬರುತ್ತದೆ ಎಂಬುದನ್ನು ಆ ನಿಯಮ ಬಲ್ಲದು. ಅದೇ ರೈತ ಅದೇ ಬ್ಯಾಂಕಿನಲ್ಲಿ ಮನೆಗೆ ತಂದ ಸಾಲಕ್ಕೆ 90 ದಿನವಷ್ಟೇ ಗಡುವು. ಹರಾಜು ಮುಗಿದು, ಬೆಳೆಸಾಲವನ್ನು ಬ್ಯಾಂಕು ಮುರಿದುಕೊಂಡು, ಉಳಿದ ದುಡ್ಡು ನಾಟಿಗೆ, ಗೊಬ್ಬರಕ್ಕೆ, ಹೊಗೆಸೊಪ್ಪು ಹದ ಮಾಡುವ ಬ್ಯಾರನ್ ರಿಪೇರಿಗೆ, ಮಕ್ಕಳ ಶಾಲೆಗೆ ಹೋದ ಮೇಲೆ ಜೂನ್, ಜುಲೈ, ಆಗಸ್ಟ್ ಬರುತ್ತವೆ. 90 ದಿನ ಎನ್ನುವುದು ಸರಿಯಾಗಿ ಆ ಮೂರು ತಿಂಗಳು.

ಆಗ ಏನಾಗುತ್ತದೆಂದು ಊರಿನವರಿಗೆ ಗೊತ್ತು. ಹೆಂಗಸರ ಕೊರಳಿನ, ಕೈಯ ಚಿನ್ನ ಗಿರವಿಗೆ ಹೋಗುತ್ತದೆ. ಅದೂ ಸಾಲದಿದ್ದರೆ ಸಂಘದ ಸಾಲ, ಕೈಸಾಲ. ಶೇ 9ರ ಕಂತು ಕಟ್ಟಲು ಅದಕ್ಕಿಂತ ಹೆಚ್ಚಿನ ಬಡ್ಡಿಗೆ ಮತ್ತೊಂದು ಸಾಲ. ಈ ಬಡ್ಡಿ ಯಾವ ಬ್ಯಾಂಕಿನ ಪಟ್ಟಿಯಲ್ಲೂ ಇರುವುದಿಲ್ಲ, ಆದರೆ ಅದೂ ಮನೆ ಸಾಲದ್ದೇ ಬೆಲೆ. ಕಂತು ಖಾತೆಯಿಂದ ಹೋಗದೆ ವಾಪಸಾದರೆ ದಂಡ, ಜತೆಗೆ ಸಿಬಿಲ್ ಅಂಕ ಇಳಿದು ಮುಂದಿನ ಸಾಲವೂ ದುಬಾರಿ. 90 ದಿನ ಮೀರಿದರೆ 2002ರ ಸರ್ಫೇಸಿ ಕಾಯ್ದೆಯಡಿ 60 ದಿನದ ನೋಟಿಸು ಕೊಟ್ಟು ಬ್ಯಾಂಕು ಆಸ್ತಿಯನ್ನು ವಶಕ್ಕೆ ತೆಗೆದುಕೊಳ್ಳಬಹುದು. ಕೃಷಿ ಜಮೀನಿಗೆ ಈ ಕಾಯ್ದೆ ಅನ್ವಯಿಸುವುದಿಲ್ಲ. ಮನೆಗೆ ಅನ್ವಯಿಸುತ್ತದೆ.

ಸಾಲ ಮನ್ನಾ ಆದೀತೆಂಬ ಆಸೆಯನ್ನು ಗೃಹಸಾಲದ ವಿಷಯದಲ್ಲಿ ಇಟ್ಟುಕೊಳ್ಳಬಾರದು. ಹುಣಸೂರು ತಾಲ್ಲೂಕಿನ ಕಲ್ಲಹಳ್ಳಿಯ ದೇವರಾಜ ಅರಸರು ಮುಖ್ಯಮಂತ್ರಿಯಾಗಿದ್ದಾಗ ಬಂದ 1976ರ ಕರ್ನಾಟಕ ಋಣ ಪರಿಹಾರ ಕಾಯ್ದೆ ಸಣ್ಣ ರೈತರನ್ನೂ ಕೂಲಿಗಾರರನ್ನೂ ಖಾಸಗಿ ಲೇವಾದೇವಿಯವರ ಹಿಡಿತದಿಂದ ಬಿಡಿಸಲು ಹೊರಟಿತು. ಅದು ದೊಡ್ಡ ಕೆಲಸ. ಆದರೆ ಬ್ಯಾಂಕು, ಸಹಕಾರ ಸಂಘಗಳ ಸಾಲ ಅದರ ಹೊರಗಿತ್ತು. 2017ರ, 2018ರ ಮನ್ನಾಗಳು ಬೆಳೆಸಾಲಕ್ಕೆ ಸೀಮಿತವಾಗಿದ್ದವು.

ಬ್ಯಾಂಕಿನವರು ಒಂದು ಸಮಾಧಾನ ಹೇಳುತ್ತಾರೆ: ಕಂತು ಏರುವುದಿಲ್ಲ, ದುಡ್ಡಿನ ಬೆಲೆ ಇಳಿಯುತ್ತದೆ. ವರ್ಷಕ್ಕೆ ಶೇ 5ರಂತೆ ಬೆಲೆ ಏರಿದರೆ 20 ವರ್ಷದ ಮೇಲೆ ಕಟ್ಟುವ 18 ಸಾವಿರ ಇವತ್ತಿನ 6,800 ರೂಪಾಯಿಗೆ ಸಮ. ಮಾತು ಸುಳ್ಳಲ್ಲ. ಸಂಬಳ ವರ್ಷ ವರ್ಷ ಏರುವ ಮೇಷ್ಟರಿಗೆ, ಗುಮಾಸ್ತರಿಗೆ ಕೊನೆಯ ವರ್ಷಗಳ ಕಂತು ಹಗುರವಾಗುತ್ತದೆ; ಹಳೆಯ ತೆರಿಗೆ ಪದ್ಧತಿಯಲ್ಲಿ ಉಳಿದವರಾದರೆ ಬಡ್ಡಿಯ ಮೇಲೆ ತೆರಿಗೆ ವಿನಾಯಿತಿಯೂ ಇದೆ. ಕೃಷಿ ಆದಾಯಕ್ಕೆ ತೆರಿಗೆಯೇ ಇಲ್ಲದ್ದರಿಂದ ರೈತನಿಗೆ ಆ ವಿನಾಯಿತಿಯಿಂದ ಏನೂ ಸಿಗದು. ಹೊಗೆಸೊಪ್ಪಿನ ದರವೂ ಸಂಬಳದಂತೆ ಏರುವುದಿಲ್ಲ. 2023ರಲ್ಲಿ ಮೇಲೇರಿದ್ದ ಶುಂಠಿ ಬೆಲೆ ಆಮೇಲೆ ಇಳಿದದ್ದನ್ನು ಎಲ್ಲರೂ ಕಂಡಿದ್ದೇವೆ. ಹಾಗಾಗಿ ಒಳ್ಳೆಯ ವರ್ಷದ ದರ ಹಿಡಿದು ಸಾಲದ ಮೊತ್ತ ಗೊತ್ತು ಮಾಡುವುದು ಅಪಾಯ. ಕೆಟ್ಟ ವರ್ಷದಲ್ಲೂ ಕಟ್ಟಬಲ್ಲ ಕಂತೇ ನಿಮ್ಮ ಮನೆಯ ಅಳತೆ ಎಂದು ನಾನು ಖಂಡಿತವಾಗಿ ಹೇಳುತ್ತೇನೆ. ಮಹಡಿ ಮುಂದಿನ ಮಾತು.

ಇನ್ನು ಸುಗ್ಗಿಯ ದುಡ್ಡಿನ ಬಲ. ಸಂಬಳದವರಿಗೆ ಒಟ್ಟಿಗೆ 50 ಸಾವಿರ ಸಿಗುವುದು ಕಷ್ಟ. ಬೇಸಾಯದವರಿಗೆ ಒಳ್ಳೆಯ ವರ್ಷದಲ್ಲಿ ಅದು ಸಾಧ್ಯ. ಮೇಲೆ ಹೇಳಿದ 20 ಲಕ್ಷದ ಸಾಲಕ್ಕೆ ಮೊದಲ ವರ್ಷದ ಕೊನೆಯಲ್ಲಿ 50 ಸಾವಿರವನ್ನು ನೇರ ಅಸಲಿಗೆ ಕಟ್ಟಿದರೆ ಹದಿನಾಲ್ಕೂವರೆ ಕಂತು ಕಡಿಮೆಯಾಗುತ್ತದೆ, ಉಳಿಯುವ ಬಡ್ಡಿ 2 ಲಕ್ಷ 11 ಸಾವಿರ. ಅದೇ 50 ಸಾವಿರವನ್ನು 15ನೇ ವರ್ಷದ ಕೊನೆಯಲ್ಲಿ ಕಟ್ಟಿದರೆ ಉಳಿಯುವುದು ಸುಮಾರು 27 ಸಾವಿರ. ಬೇಗ ಕಟ್ಟಿದ ದುಡ್ಡಿಗೆ ಇಷ್ಟು ಶಕ್ತಿ. ಅಷ್ಟು ಆಗದವರು ವರ್ಷಕ್ಕೆ ಒಂದು ಕಂತು ಹೆಚ್ಚು ಕಟ್ಟಲಿ: 20 ವರ್ಷದ ಸಾಲ ಸುಮಾರು ಮೂರೂವರೆ ವರ್ಷ ಮೊದಲೇ ತೀರುತ್ತದೆ, ನಾಲ್ಕೂವರೆ ಲಕ್ಷಕ್ಕಿಂತ ಹೆಚ್ಚು ಬಡ್ಡಿ ಉಳಿಯುತ್ತದೆ. ಬದಲಾಗುವ ಬಡ್ಡಿಯ ಗೃಹಸಾಲವನ್ನು ಅವಧಿಗೆ ಮೊದಲೇ ಕಟ್ಟಿದರೆ ವ್ಯಕ್ತಿಗಳಿಂದ ದಂಡ ವಸೂಲು ಮಾಡುವಂತಿಲ್ಲ. ಬ್ಯಾಂಕುಗಳಿಗೆ ಈ ನಿಯಮ 2012ರಿಂದಲೇ ಇದೆ.

ಆದರೆ ಮೊದಲು ಮುಂದಿನ ಮಳೆಗಾಲದ ಮೂರು ನಾಲ್ಕು ಕಂತಿನ ದುಡ್ಡನ್ನು ಬೇರೆ ಖಾತೆಯಲ್ಲಿ ಎತ್ತಿಡಿ, ಉಳಿದದ್ದನ್ನು ಅಸಲಿಗೆ ಹಾಕಿ. ಚಿನ್ನವನ್ನು ಗಿರವಿ ಅಂಗಡಿಯಿಂದ ಕಾಪಾಡುವುದು ಈ ಎತ್ತಿಟ್ಟ ದುಡ್ಡೇ. ಅಸಲಿಗೆ ಕಟ್ಟುವಾಗ “ಕಂತು ಹಾಗೇ ಇರಲಿ, ಅವಧಿ ಇಳಿಸಿ” ಎಂದು ಬರಹದಲ್ಲಿ ಕೊಡಿ. ಬಾಯಿಮಾತು ಸಾಲದು.

ಹೊಸದಾಗಿ ಸಾಲ ತರುವವರು ಸಹಿಗೆ ಮೊದಲು ಮುಖ್ಯ ಅಂಶಗಳ ಹೇಳಿಕೆಯನ್ನು ಕೇಳಿ ಪಡೆಯಿರಿ. 2024ರ ಅಕ್ಟೋಬರ್ 1ರಿಂದ ಇದು ಕಡ್ಡಾಯ, ಸಾಲಗಾರರಿಗೆ ಅರ್ಥವಾಗುವ ಭಾಷೆಯಲ್ಲೇ ಇರಬೇಕು. ಎಲ್ಲ ಶುಲ್ಕ ಸೇರಿದ ವಾರ್ಷಿಕ ದರವೂ ಕಂತುಗಳ ಪಟ್ಟಿಯೂ ಅದರಲ್ಲಿರುತ್ತವೆ. ಕನ್ನಡದಲ್ಲಿ ಕೊಡಿ ಎಂದು ಕೇಳಲು ಸಂಕೋಚಪಡಬೇಡಿ. ಮನೆಯವರೆಲ್ಲ ಕೂತು, ವಿಶೇಷವಾಗಿ ಜತೆಗೆ ಸಹಿ ಹಾಕುವ ಹೆಂಗಸರು, ಅದನ್ನು ಓದಬೇಕು. ಸಾಲ ಪೂರ್ತಿ ತೀರಿದ 30 ದಿನದೊಳಗೆ ಮೂಲ ಪತ್ರಗಳನ್ನು ಹಿಂದಿರುಗಿಸಬೇಕು. ತಪ್ಪು ಸಾಲ ಕೊಟ್ಟವರದ್ದಾಗಿ ತಡವಾದರೆ ದಿನಕ್ಕೆ 5,000 ರೂಪಾಯಿಯಂತೆ ಅವರೇ ನಿಮಗೆ ಪರಿಹಾರ ಕೊಡಬೇಕು. ಪತ್ರ ಕೈಗೆ ಬಂದ ಮೇಲೆ ಉಪನೋಂದಣಾಧಿಕಾರಿ ಕಚೇರಿಯ ಋಣಭಾರ ಪ್ರಮಾಣಪತ್ರ (ಇ.ಸಿ.) ತೆಗೆಸಿ, ಅಡಮಾನ ಬಿಡುಗಡೆಯಾದದ್ದು ಅದರಲ್ಲಿ ನಮೂದಾಗಿದೆಯೇ ಎಂದು ನೋಡಿಕೊಳ್ಳಿ.